ಅಣ್ಣನ ಕತೆ ಬರೆದ ಮೂಡಿಗೆರೆಯ ಕಾದಂಬರಿಕಾರ

ಮಕ್ಕಳೇ, ನಿಮ್ಮ ಶಾಲೆಯ ಗೋಡೆಯ ಮೇಲೆ ಕುವೆಂಪು ಅವರ ಫೋಟೋ ಇರಬಹುದು. ಬೆಳ್ಳಗಿನ ತಲೆಗೂದಲು, ಬಿಳಿ ಜುಬ್ಬ, ಕೆಳಗೆ ‘ರಾಷ್ಟ್ರಕವಿ’ ಎಂಬ ಅಕ್ಷರ. ನವೆಂಬರ್ ಒಂದನೇ ತಾರೀಕು ಬಂದರೆ ಅದಕ್ಕೊಂದು ಹಾರ. ಈಗ ಸುಮ್ಮನೆ ಒಂದು ಊಹೆ ಮಾಡಿ. ಫೋಟೋದಲ್ಲಿ ಇರುವವರು ನಿಮ್ಮ ಸ್ವಂತ ಅಪ್ಪ. ಊರೆಲ್ಲ ಅವರಿಗೆ ಕೈ ಮುಗಿಯುತ್ತದೆ. ನಿಮಗೆ ಮಾತ್ರ ಅವರು ಊಟಕ್ಕೆ ತಡವಾಗಿ ಬಂದರೆ ಗದರುವ, ಪರೀಕ್ಷೆಯ ಅಂಕ ಕೇಳುವ ಮನೆಯ ಯಜಮಾನರು. ಅವರ ಜೀವನಚರಿತ್ರೆ ಬರೆ ಎಂದರೆ ನೀವು ಯಾರನ್ನು ಬರೆಯುತ್ತೀರಿ? ಫೋಟೋದವರನ್ನೋ, ಮನೆಯವರನ್ನೋ?

ಈ ಪ್ರಶ್ನೆ ನಿಜವಾಗಿ ಎದುರಾದ ಒಬ್ಬರು ನಮ್ಮ ಕಾಫಿ ಸೀಮೆಯಲ್ಲೇ ಇದ್ದರು. ಮೂಡಿಗೆರೆಯ ಕೆ.ಪಿ. ಪೂರ್ಣಚಂದ್ರ ತೇಜಸ್ವಿ. ಅಜ್ಜ ಅಜ್ಜಿಯರಿಗೆ ಅವರ ಪರಿಚಯ ಹೇಳಬೇಕಾಗಿಲ್ಲ. ಬಹಳ ಜನ ಅವರನ್ನು ಮೂಡಿಗೆರೆ ಪೇಟೆಯಲ್ಲಿ ಸ್ಕೂಟರ್ ಮೇಲೆ ಹೋಗುವಾಗ ನೋಡಿರುತ್ತಾರೆ. ‘ಕರ್ವಾಲೋ’ ಬರೆದವರು, ಹಕ್ಕಿಗಳ ಫೋಟೋ ತೆಗೆದವರು ಎಂದು ನಾವೆಲ್ಲ ಅವರನ್ನು ನೆನೆಯುತ್ತೇವೆ. ಆದರೆ ಅವರು ಒಂದು ಜೀವನಚರಿತ್ರೆಯನ್ನೂ ಬರೆದಿದ್ದಾರೆ. ಅದರ ಹೆಸರು ‘ಅಣ್ಣನ ನೆನಪು’. ಇಲ್ಲಿ ಅಣ್ಣ ಎಂದರೆ ಅಪ್ಪ. ಮಲೆನಾಡಿನ ಹಲವು ಮನೆಗಳಲ್ಲಿ ತಂದೆಯನ್ನು ಅಣ್ಣ ಎಂದೇ ಕರೆಯುತ್ತಿದ್ದರು. ಕುವೆಂಪು ಅವರ ನಾಲ್ಕೂ ಮಕ್ಕಳು ಹಾಗೇ ಕರೆದರು.

ಮೊದಲು ಅಪ್ಪನ ಕಡೆಯಿಂದ ಒಂದೆರಡು ಮಾತು. ಕುವೆಂಪು ಹುಟ್ಟಿದ್ದು ನಮ್ಮದೇ ಚಿಕ್ಕಮಗಳೂರು ಜಿಲ್ಲೆಯ ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ, 1904ರ ಡಿಸೆಂಬರ್ 29ರಂದು. ಅದು ಅವರ ತಾಯಿಯ ತವರು. ಬೆಳೆದದ್ದು ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿಯಲ್ಲಿ. ಓದು, ಕೆಲಸ, ಬದುಕು ಬಹುಪಾಲು ಮೈಸೂರಿನಲ್ಲಿ. ಒಂಟಿಕೊಪ್ಪಲಿನ ಅವರ ಮನೆಯ ಹೆಸರು ‘ಉದಯರವಿ’. ಕಾದಂಬರಿ, ಕಾವ್ಯ, ನಾಟಕಗಳ ಜೊತೆಗೆ ಅವರು ಎರಡು ಜೀವನಚರಿತ್ರೆಗಳನ್ನೂ ಬರೆದರು. ಒಂದು ಶ್ರೀರಾಮಕೃಷ್ಣ ಪರಮಹಂಸರದು, ಇನ್ನೊಂದು ಸ್ವಾಮಿ ವಿವೇಕಾನಂದರದು.

ಇದೇ ಇಬ್ಬರು ಮಹನೀಯರ ಚರಿತ್ರೆಯನ್ನು ಸುಮಾರು ಅದೇ ಕಾಲದಲ್ಲಿ ದೂರದ ಫ್ರಾನ್ಸ್ ದೇಶದ ಒಬ್ಬ ಕಾದಂಬರಿಕಾರರೂ ಬರೆದರು. ಅವರು ರೊಮೇನ್ ರೋಲಾ, 1866ರಲ್ಲಿ ಹುಟ್ಟಿದವರು. ಪ್ಯಾರಿಸ್ಸಿನಲ್ಲಿ ಕಲೆಯ ಇತಿಹಾಸವನ್ನೂ ಸಂಗೀತದ ಇತಿಹಾಸವನ್ನೂ ಪಾಠ ಮಾಡುತ್ತಿದ್ದ ಮೇಷ್ಟರು. ಒಬ್ಬ ಸಂಗೀತಗಾರನ ಬದುಕನ್ನು ಕುರಿತು ‘ಜಾನ್ ಕ್ರಿಸ್ತೋಫ್’ ಎಂಬ ಹತ್ತು ಸಂಪುಟಗಳ ಕಾದಂಬರಿ ಬರೆದರು. 1915ರ ಸಾಹಿತ್ಯದ ನೊಬೆಲ್ ಬಹುಮಾನ ಅವರಿಗೆ ಬಂತು. ಕಿವಿ ಕೇಳಿಸದೆ ಹೋದ ಮೇಲೂ ಸಂಗೀತ ರಚಿಸಿದ ಬೀಥೋವನ್, ಕಲ್ಲಿನಲ್ಲಿ ಜೀವ ಕಡೆದ ಮೈಕೆಲೇಂಜೆಲೊ, ರಷ್ಯದ ಟಾಲ್‌ಸ್ಟಾಯ್, ನಮ್ಮ ಗಾಂಧೀಜಿ, ಹೀಗೆ ಒಬ್ಬೊಬ್ಬರ ಮೇಲೂ ಪುಸ್ತಕ ಬರೆದರು. 1931ರಲ್ಲಿ ಗಾಂಧೀಜಿ ಲಂಡನ್ನಿನ ದುಂಡುಮೇಜಿನ ಪರಿಷತ್ತು ಮುಗಿಸಿ ಹಿಂತಿರುಗುವಾಗ ಸ್ವಿಟ್ಜರ್ಲೆಂಡಿನಲ್ಲಿದ್ದ ಅವರ ಮನೆಯಲ್ಲಿ ಕೆಲವು ದಿನ ಇದ್ದರು. ಮನುಷ್ಯನಿಗೆ ಕಷ್ಟ ಬಂದಾಗ ಹಿಡಿದು ನಿಲ್ಲಲು ಒಬ್ಬ ದೊಡ್ಡವರ ಬದುಕು ಬೇಕು ಎಂಬುದು ರೋಲಾ ಅವರ ನಂಬಿಕೆ. ಕುವೆಂಪು ಬರೆದ ಚರಿತ್ರೆಗಳ ದಾರಿಯೂ ಅದೇ. ಓದುವವನು ತಲೆ ಎತ್ತಿ ನೋಡಬೇಕು, ಅಂಥ ಬರವಣಿಗೆ.

ಮಗನ ದಾರಿ ಬೇರೆ. ಅದು ಯಾಕೆ ಬೇರೆಯಾಯಿತು ಎನ್ನುವುದಕ್ಕೆ ಮಗನ ಬದುಕನ್ನೇ ನೋಡಬೇಕು.

ತೇಜಸ್ವಿ ಹುಟ್ಟಿದ್ದು 1938ರ ಸೆಪ್ಟೆಂಬರ್ 8ರಂದು. ತಾಯಿ ಹೇಮಾವತಿ. ನಮ್ಮ ತಾಲ್ಲೂಕಿನ ಜಾವಳಿಯ ಹತ್ತಿರ ಹುಟ್ಟಿ ಹರಿಯುವ ಹೊಳೆಯ ಹೆಸರೂ ಅದೇ. ತೇಜಸ್ವಿ ಮುಂದೆ ಹೋಗಿ ಹೋಗಿ ಹೇಮಾವತಿಯ ಸೀಮೆಗೇ ಬಂದು ನೆಲೆಸಿದ್ದು ಕಾಕತಾಳೀಯ, ಆದರೂ ನೆನೆದರೆ ಖುಷಿಯಾಗುತ್ತದೆ. ಮೈಸೂರಿನಲ್ಲಿ ಓದಿದರು, ಕನ್ನಡ ಎಂ.ಎ. ಮಾಡಿದರು. ನಡುವೆ ಸಿತಾರ್ ಕಲಿತರು, ಚಿತ್ರ ಬರೆದರು, ಕೆರೆಯ ದಡದಲ್ಲಿ ಗಾಳ ಹಾಕಿಕೊಂಡು ಕೂತರು. ಅವರು ಕಾಲೇಜು ಓದುವ ವಯಸ್ಸಿನಲ್ಲಿದ್ದಾಗ ತಂದೆ ಮೈಸೂರು ವಿಶ್ವವಿದ್ಯಾನಿಲಯದ ಕುಲಪತಿ. ಎಂ.ಎ. ಮುಗಿಸಿದ ಹುಡುಗನಿಗೆ ಎಲ್ಲರೂ ತೋರಿಸುತ್ತಿದ್ದ ದಾರಿ ಒಂದೇ, ಕಾಲೇಜಿನಲ್ಲಿ ಮೇಷ್ಟರ ಕೆಲಸ. ತೇಜಸ್ವಿ ಆ ದಾರಿ ಹಿಡಿಯಲಿಲ್ಲ. ಮೂಡಿಗೆರೆಯ ಹತ್ತಿರ ಭೂತನಕಾಡಿಗೆ ಬಂದು ಕೃಷಿಗೆ ಇಳಿದರು. ಆ ತೋಟಕ್ಕೆ ‘ಚಿತ್ರಕೂಟ’ ಎಂದು ಹೆಸರು.

1966ರಲ್ಲಿ ಅವರ ಮದುವೆಯಾಯಿತು. ಹುಡುಗಿ ರಾಜೇಶ್ವರಿ, ಮಾನಸಗಂಗೋತ್ರಿಯಲ್ಲಿ ತತ್ತ್ವಶಾಸ್ತ್ರ ಓದಿದವರು. ಪುರೋಹಿತರಿಲ್ಲ, ವರದಕ್ಷಿಣೆಯಿಲ್ಲ, ವಾಲಗವಿಲ್ಲ. ಗಂಡು ಹೆಣ್ಣು ಇಬ್ಬರೂ ಅರ್ಥ ತಿಳಿದುಕೊಂಡು ಹೇಳುವ ಮಾತುಗಳಿರುವ ಸರಳ ವಿಧಿಯೊಂದನ್ನು ಕುವೆಂಪು ಈ ಮದುವೆಗಾಗಿ ಸಿದ್ಧಮಾಡಿದರು. ಅದೇ ‘ಮಂತ್ರ ಮಾಂಗಲ್ಯ’. ಆಮೇಲೆ ಕರ್ನಾಟಕದಲ್ಲಿ ಎಷ್ಟೋ ಜೋಡಿಗಳು ಆ ಪುಸ್ತಕ ಹಿಡಿದು ಮದುವೆಯಾದವು, ಈಗಲೂ ಆಗುತ್ತಿವೆ. ನಿಮ್ಮ ಮನೆಯ ಹಿರಿಯರಲ್ಲೇ ಯಾರಾದರೂ ಹಾಗೆ ಮದುವೆಯಾದವರು ಇರಬಹುದು, ಕೇಳಿ ನೋಡಿ.

ಕಾಫಿ ತೋಟ ಮಾಡುವುದೆಂದರೆ ಏನು ಎಂದು ನಮ್ಮ ಕಡೆಯ ಮಕ್ಕಳಿಗೆ ಬಿಡಿಸಿ ಹೇಳುವುದು ಬೇಡ. ಮಾರ್ಚಿನ ಹೊತ್ತಿಗೆ ಹೂಮಳೆ ಬರುತ್ತದೋ ಇಲ್ಲವೋ ಎಂದು ಆಕಾಶ ನೋಡಬೇಕು. ಬಂದರೆ ಎಂಟು ಹತ್ತು ದಿನದಲ್ಲಿ ತೋಟವೆಲ್ಲ ಬೆಳ್ಳಗೆ ಹೂವು. ಬರದಿದ್ದರೆ ಆ ವರ್ಷದ ಲೆಕ್ಕವೇ ತಪ್ಪಿತು. ಮರಗಸಿ, ಗೊಬ್ಬರ, ಕಾಂಡಕೊರಕ, ಹಣ್ಣು ಕುಯ್ಯುವ ಕಾಲಕ್ಕೆ ಆಳಿನ ಚಿಂತೆ. ಮಳೆಗಾಲದಲ್ಲಿ ತಿಂಗಳುಗಟ್ಟಲೆ ಬಿಸಿಲಿನ ಮುಖ ಕಾಣುವುದಿಲ್ಲ. ಇಂಥ ಕಡೆ ಒಬ್ಬ ಬರಹಗಾರ ಬಂದು ಕೂತರೆ ಒಂದೋ ಬೇಸತ್ತು ಓಡಿಹೋಗುತ್ತಾನೆ, ಇಲ್ಲವೇ ಸುತ್ತ ಇರುವುದನ್ನು ನೋಡಲು ಕಲಿಯುತ್ತಾನೆ.

ತೇಜಸ್ವಿ ನೋಡಲು ಕಲಿತರು. ಅವರ ಮೊದಮೊದಲ ಬರಹಗಳು ಆ ಕಾಲದ ನವ್ಯ ಸಾಹಿತ್ಯದ ರೀತಿಯವು. ಮನುಷ್ಯನ ಒಳಗಿನ ಗೊಂದಲವನ್ನೇ ಕುರಿತವು, ಮಕ್ಕಳಿಗೆ ಅಷ್ಟು ರುಚಿಸುವಂಥವಲ್ಲ. 1973ರಲ್ಲಿ ‘ಅಬಚೂರಿನ ಪೋಸ್ಟಾಫೀಸು’ ಎಂಬ ಕಥಾಸಂಕಲನ ತಂದಾಗ ಅದರ ಮುನ್ನುಡಿಯಲ್ಲಿ ಇನ್ನು ಆ ದಾರಿ ಸಾಕು ಎಂದು ಬರೆದುಬಿಟ್ಟರು. ತಮ್ಮ ಮೇಲೆ ಪ್ರಭಾವ ಬೀರಿದವರೆಂದು ಅವರು ಅಲ್ಲಿ ಹೆಸರಿಸಿದ್ದು ಮೂವರನ್ನು: ರಾಮಮನೋಹರ ಲೋಹಿಯಾ, ಶಿವರಾಮ ಕಾರಂತ, ಕುವೆಂಪು. ಒಬ್ಬರಿಂದ ವಿಚಾರ, ಇನ್ನೊಬ್ಬರಿಂದ ಬದುಕಿನೊಡನೆ ಪ್ರಯೋಗ ಮಾಡುವ ಧೈರ್ಯ, ಮತ್ತೊಬ್ಬರಿಂದ ಕಲೆ. ತಂದೆಯ ಹೆಸರನ್ನು ತಂದೆ ಎಂಬ ಕಾರಣಕ್ಕೆ ಅವರು ಸೇರಿಸಲಿಲ್ಲ, ಕಲಿತದ್ದನ್ನು ಒಪ್ಪಿಕೊಳ್ಳಲು ಸೇರಿಸಿದರು.

ಆ ಸಂಕಲನದಿಂದ ಮುಂದಕ್ಕೆ ಅವರ ಕತೆಗಳಲ್ಲಿ ನಮ್ಮ ಊರಿನವರೇ ಬರತೊಡಗಿದರು. ಅಬಚೂರಿನಲ್ಲಿ ಪೋಸ್ಟಾಫೀಸಿನ ಕೆಲಸವನ್ನೂ ನೋಡಿಕೊಳ್ಳುತ್ತಿದ್ದ ಬೋಬಣ್ಣ ಬೇರೆಯವರ ಕಾಗದ ಒಡೆದು ಓದುವ ಚಟಕ್ಕೆ ಬೀಳುತ್ತಾನೆ. ತಬರ ಎಂಬ ಬಡ ನೌಕರ ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ, ಮನೆಯಲ್ಲಿ ಹೆಂಡತಿಯ ಕಾಲಿನ ಗಾಯ ಕೊಳೆಯುತ್ತಾ ಹೋಗುತ್ತದೆ. ಗಿರೀಶ ಕಾಸರವಳ್ಳಿ ‘ತಬರನ ಕಥೆ’ಯನ್ನು ಸಿನಿಮಾ ಮಾಡಿದರು, ಅದಕ್ಕೆ ರಾಷ್ಟ್ರಪತಿಗಳ ಸ್ವರ್ಣಕಮಲ ಬಂತು. ಅಜ್ಜಂದಿರೇ, ಪಿಂಚಣಿ ಕಾಗದದ ಹಿಂದೆ ಓಡಾಡಿದ ನಿಮಗೆ ಆ ಸಿನಿಮಾ ನೋಡಿದಾಗ ಗಂಟಲು ಕಟ್ಟದೆ ಇರಲಾರದು.

‘ಕರ್ವಾಲೋ’ ಬಂದದ್ದು 1980ರಲ್ಲಿ. ಇದನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು, ಯಾಕೆಂದರೆ ಆಮೇಲೆ ಅಪ್ಪನ ಬಗ್ಗೆ ಬರೆಯುವಾಗ ಅವರಿಗೆ ನೆರವಾದ ಕಣ್ಣು ಈ ಕಾದಂಬರಿಯಲ್ಲೇ ಇದೆ. ಮೂಡಿಗೆರೆಯಲ್ಲಿ ಕರ್ವಾಲೋ ಎಂಬ ವಿಜ್ಞಾನಿ. ಅದೇ ಊರಿನ ಸುತ್ತ ಜೇನು, ಕಾಡು ಎಂದು ಅಲೆಯುವ ಮಂದಣ್ಣ ಎಂಬ ಹುಡುಗ. ಊರಿನ ಲೆಕ್ಕದಲ್ಲಿ ಮಂದಣ್ಣ ದಂಡಪಿಂಡ. ವಿಜ್ಞಾನಿಯ ಕಣ್ಣಿಗೆ ಮಾತ್ರ ಅವನು ಹುಟ್ಟಾ ಸಂಶೋಧಕ, ಏಕೆಂದರೆ ಬೇರೆಯವರು ನೋಡಿಯೂ ನೋಡದ್ದನ್ನು ಅವನು ನೋಡಿರುತ್ತಾನೆ. ಹಾರುವ ಓತಿಯೊಂದನ್ನು ಕಂಡವನು ಅವನೇ. ಅದನ್ನು ಹುಡುಕಿಕೊಂಡು ಒಂದು ವಿಚಿತ್ರ ತಂಡ ಕಾಡಿಗೆ ಹೊರಡುತ್ತದೆ: ವಿಜ್ಞಾನಿ, ಮಂದಣ್ಣ, ಕತೆ ಹೇಳುವ ತೋಟದ ಯಜಮಾನ, ಕ್ಯಾಮೆರಾದ ಪ್ರಭಾಕರ, ಬಿರಿಯಾನಿ ಕರಿಯಪ್ಪ, ಮತ್ತು ಕಿವಿ ಎಂಬ ನಾಯಿ. ಓತಿ ಸಿಕ್ಕಿತೇ? ಓದದವರಿಗೆ ಹೇಳಿ ರುಚಿ ಕೆಡಿಸುವುದಿಲ್ಲ.

ಹಾರುವ ಓತಿ ಕಟ್ಟುಕತೆಯ ಪ್ರಾಣಿ ಅಲ್ಲ, ಮಕ್ಕಳೇ. ನಮ್ಮ ಘಟ್ಟದ ಕಾಡಿನಲ್ಲೂ ಅಡಿಕೆ ತೋಟದಲ್ಲೂ ಇದೆ. ಅದಕ್ಕೆ ಹಕ್ಕಿಯ ಹಾಗೆ ರೆಕ್ಕೆಯಿಲ್ಲ. ಪಕ್ಕೆಲುಬುಗಳು ಉದ್ದವಾಗಿ ಹೊರಗೆ ಚಾಚಿಕೊಂಡು, ಅವುಗಳ ಮೇಲೆ ತೆಳುವಾದ ಚರ್ಮ ಕೊಡೆಯ ಬಟ್ಟೆಯಂತೆ ಬಿಚ್ಚಿಕೊಳ್ಳುತ್ತದೆ. ಒಂದು ಮರದ ಎತ್ತರದಿಂದ ಇನ್ನೊಂದು ಮರಕ್ಕೆ ತೇಲಿಕೊಂಡು ಇಳಿಯುತ್ತದೆ. ಇರುವೆ ಅದರ ಮುಖ್ಯ ಊಟ. ಮರದ ತೊಗಟೆಯ ಬಣ್ಣಕ್ಕೆ ಎಷ್ಟು ಹೊಂದಿಕೊಂಡಿರುತ್ತದೆ ಎಂದರೆ ಅದು ಹಾರಿದಾಗಲೇ ಅಲ್ಲೊಂದು ಓತಿ ಇತ್ತು ಎಂದು ಗೊತ್ತಾಗುವುದು.

‘ಚಿದಂಬರ ರಹಸ್ಯ’ಕ್ಕೆ 1987ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಕೆಸರೂರು ಎಂಬ ಊರು, ಹಾಳಾಗುತ್ತಿರುವ ಏಲಕ್ಕಿ ಬೆಳೆ, ಒಬ್ಬ ಏಲಕ್ಕಿ ವಿಜ್ಞಾನಿಯ ಸಾವು, ಒಬ್ಬರನ್ನೊಬ್ಬರು ನಂಬದ ಜನ. ನಗಿಸುತ್ತಾ ನಗಿಸುತ್ತಾ ಕೊನೆಗೆ ಹೆದರಿಸುವ ಕಾದಂಬರಿ ಅದು. ಸ್ವಲ್ಪ ದೊಡ್ಡವರಾದ ಮೇಲೆ ಓದಿ. ‘ಜುಗಾರಿ ಕ್ರಾಸ್’, ‘ಕಿರಗೂರಿನ ಗಯ್ಯಾಳಿಗಳು’ ಹೇಗೂ ಎಲ್ಲರ ಮನೆಯಲ್ಲೂ ಇವೆ. ನಡುವೆ ರೈತ ಚಳವಳಿ, ಜಾತಿ ವಿರೋಧಿ ಸಮ್ಮೇಳನ, ‘ಪುಸ್ತಕ ಪ್ರಕಾಶನ’ ಎಂಬ ತಮ್ಮದೇ ಪ್ರಕಟಣೆಯ ಕೆಲಸ, ಆಮೇಲೆ ಕಂಪ್ಯೂಟರಿನಲ್ಲಿ ಕನ್ನಡ ಬರಬೇಕೆಂಬ ಹಟ. ಹಂಪಿ ಕನ್ನಡ ವಿಶ್ವವಿದ್ಯಾಲಯದ ‘ಕುವೆಂಪು ತಂತ್ರಾಂಶ’ದ ಹಿಂದೆ ಅವರ ಒತ್ತಾಸೆ ಇತ್ತು. ಇದನ್ನೆಲ್ಲ ಬರೆಯಹೊರಟರೆ ಈ ವಾರದ ಸಂಚಿಕೆ ಸಾಲದು.

ಭೂತನಕಾಡಿನಿಂದ ಅವರು ಹ್ಯಾಂಡ್‌ಪೋಸ್ಟ್ ಹತ್ತಿರದ ತೋಟಕ್ಕೆ ಬಂದರು. ಆ ಮನೆಗೆ ಇಟ್ಟ ಹೆಸರು ‘ನಿರುತ್ತರ’. ಉತ್ತರವಿಲ್ಲ ಎಂದರ್ಥ. ತಂದೆಯ ಮನೆ ‘ಉದಯರವಿ’, ಮಗನದು ‘ನಿರುತ್ತರ’! ಈ ಎರಡು ಹೆಸರನ್ನು ಪಕ್ಕಪಕ್ಕ ಇಟ್ಟರೆ ಇಬ್ಬರ ಸ್ವಭಾವವೂ ಅರ್ಧ ತಿಳಿದಂತೆ ಎಂದು ನನಗನ್ನಿಸುತ್ತದೆ.

ಈ ತೋಟಗಳಲ್ಲಿ ಅವರು ಹಕ್ಕಿಗಳ ಹಿಂದೆ ಬಿದ್ದರು. ಈಗ ಮೊಬೈಲಿನಲ್ಲಿ ಒಂದು ಗುಬ್ಬಿಯದು ನೂರು ಫೋಟೋ ತೆಗೆದು ತೊಂಬತ್ತೊಂಬತ್ತನ್ನು ಅಳಿಸಿ ಹಾಕಬಹುದು. ಆಗ ಒಂದು ರೀಲಿಗೆ ಮೂವತ್ತಾರೇ ಫೋಟೋ. ರೀಲು ಮುಗಿಯಬೇಕು, ತೊಳೆಸಬೇಕು, ಆಮೇಲೆ ತಾನೆ ಹಕ್ಕಿ ಬಿತ್ತೋ ಬರೀ ಕೊಂಬೆ ಬಿತ್ತೋ ತಿಳಿಯುವುದು. ಹಾಗಾಗಿ ಕ್ಯಾಮೆರಾ ಒತ್ತುವುದಕ್ಕಿಂತ ಕಾಯುವುದೇ ದೊಡ್ಡ ಕೆಲಸ. ಹಕ್ಕಿ ಎಷ್ಟು ಹೊತ್ತಿಗೆ ಗೂಡಿಗೆ ಬರುತ್ತದೆ, ಯಾವ ಕೊಂಬೆಯ ಮೇಲೆ ಮೊದಲು ಕೂತು ಆಚೆ ಈಚೆ ನೋಡುತ್ತದೆ ಎಂದು ತಿಳಿಯುವವರೆಗೆ ಮಿಸುಕದೆ ಕೂತಿರಬೇಕು. ‘ಮಿಂಚುಳ್ಳಿ’, ‘ಹಕ್ಕಿಪುಕ್ಕ’, ‘ಕನ್ನಡ ನಾಡಿನ ಹಕ್ಕಿಗಳು’ ಇವೆಲ್ಲ ಆ ಕೂರುವಿಕೆಯ ಫಲ.

ಕುವೆಂಪು ತೀರಿಕೊಂಡದ್ದು 1994ರ ನವೆಂಬರ್ 11ರಂದು. ಅಷ್ಟು ಹೊತ್ತಿಗೆ ಅವರ ಬಗ್ಗೆ ರಾಶಿ ಪುಸ್ತಕ ಬಂದಿದ್ದವು. ಸ್ವತಃ ಅವರೇ ‘ನೆನಪಿನ ದೋಣಿಯಲ್ಲಿ’ ಎಂಬ ದೊಡ್ಡ ಆತ್ಮಕಥೆ ಬರೆದಿದ್ದರು. ಇನ್ನು ಮಗ ಹೇಳಬೇಕಾದ್ದು ಏನಿತ್ತು? ತೇಜಸ್ವಿ ‘ಲಂಕೇಶ್ ಪತ್ರಿಕೆ’ಯಲ್ಲಿ ಕಂತುಕಂತಾಗಿ ಬರೆದರು. 1996ರಲ್ಲಿ ಅದು ಪುಸ್ತಕವಾಯಿತು. ವಾರ ವಾರ ಪೇಟೆಗೆ ಹೋಗಿ ಪತ್ರಿಕೆ ತಂದು ಮೊದಲು ಆ ಪುಟವನ್ನೇ ತೆಗೆದು ಓದಿದವರು ಈಗ ಅಜ್ಜ ಅಜ್ಜಿಯರಾಗಿದ್ದಾರೆ.

ಆ ಪುಸ್ತಕದಲ್ಲಿ ‘ಶ್ರೀ ರಾಮಾಯಣ ದರ್ಶನಂ’ ಎಷ್ಟು ದೊಡ್ಡ ಕಾವ್ಯ ಎಂಬ ವಿಮರ್ಶೆ ಸಿಗುವುದಿಲ್ಲ. ಪ್ರಶಸ್ತಿಗಳ ಪಟ್ಟಿ ಇಲ್ಲ. 1967ರ ಜ್ಞಾನಪೀಠ ಕನ್ನಡಕ್ಕೆ ಬಂದ ಮೊದಲ ಜ್ಞಾನಪೀಠ, ಬೇರೆ ಯಾರಾದರೂ ಆಗಿದ್ದರೆ ಪುಸ್ತಕವನ್ನು ಅಲ್ಲಿಂದಲೇ ಶುರುಮಾಡುತ್ತಿದ್ದರು. ಇಲ್ಲಿರುವುದು ಮನೆ. ಮಕ್ಕಳ ತಂಟೆ, ಹಿರಿಯರ ಗದರಿಕೆ, ಓದಿಗಿಂತ ಹೆಚ್ಚಾಗಿ ಅಲೆದಾಟ, ಶಿಕಾರಿಯ ಹುಚ್ಚು, ಸಿತಾರಿನ ಹುಚ್ಚು, ಗೆಳೆಯರು, ನಾಯಿಗಳು. ಇವುಗಳ ಮಧ್ಯೆ ಒಬ್ಬ ಮನುಷ್ಯ ತನ್ನ ಪಾಡಿಗೆ ಬರೆಯುತ್ತಾ, ವಾಕಿಂಗ್ ಹೋಗುತ್ತಾ ಇರುತ್ತಾನೆ. ಹೊರಗಿನವರಿಗೆ ಅವನು ಮಹಾಕವಿ. ಒಳಗಿನವರಿಗೆ ಅಣ್ಣ. ಓದುತ್ತಾ ಓದುತ್ತಾ ನಾವು ಜೋರಾಗಿ ನಗುತ್ತೇವೆ. ನಕ್ಕು ಮುಗಿಸಿದ ಮೇಲೆ ಆ ಮನುಷ್ಯ ಚಿಕ್ಕವನಾಗಿ ಕಾಣುವುದಿಲ್ಲ ಎನ್ನುವುದೇ ಆಶ್ಚರ್ಯ. ಗೋಡೆಯ ಫೋಟೋದಲ್ಲಿದ್ದಾಗ ನಾವು ಕೈ ಮುಗಿದು ಮುಂದೆ ಹೋಗುತ್ತಿದ್ದೆವು. ಈಗ ನಿಂತು ಮಾತಾಡಿಸೋಣ ಅನ್ನಿಸುತ್ತದೆ.

ನನಗೆ ಇದು ಹಕ್ಕಿಯ ಫೋಟೋ ತೆಗೆಯುವವರ ಬರವಣಿಗೆ ಅನ್ನಿಸುತ್ತದೆ. ಹಕ್ಕಿಗೆ ಹೀಗೆ ನಿಲ್ಲು, ಹಾಗೆ ತಿರುಗು ಎಂದು ಹೇಳಲಾಗುವುದಿಲ್ಲ. ಹೇಗಿದೆಯೋ ಹಾಗೆ, ಅದರ ಕೆಲಸದಲ್ಲಿ ಅದು ಇರುವಾಗ ನೋಡಬೇಕು. ಮಂದಣ್ಣನನ್ನು ಕರ್ವಾಲೋ ನೋಡಿದ್ದೂ ಹಾಗೆ. ಊರಿನವರು ದಂಡಪಿಂಡ ಎಂದವನಲ್ಲಿ ವಿಜ್ಞಾನಿ ಸಂಶೋಧಕನನ್ನು ಕಂಡರು. ಊರಿನವರು ಮಹಾಕವಿ ಎಂದವರಲ್ಲಿ ತೇಜಸ್ವಿ ಮನುಷ್ಯನನ್ನು ಕಂಡರು.

ಇನ್ನೊಂದು ಮಾತು. ದೊಡ್ಡವರ ಮಕ್ಕಳಿಗೆ ಎರಡು ಅಪಾಯ ಇರುತ್ತದೆ. ಒಂದು, ಜೀವನಪೂರ್ತಿ ಅಪ್ಪನ ಹೆಸರು ಹೇಳಿಕೊಂಡು ಬದುಕುವುದು. ಇನ್ನೊಂದು, ಅಪ್ಪನ ಮೇಲಿನ ಸಿಟ್ಟನ್ನೇ ಪುಸ್ತಕ ಮಾಡುವುದು. ತೇಜಸ್ವಿ ಆ ಪುಸ್ತಕ ಬರೆಯುವ ಹೊತ್ತಿಗೆ ಐವತ್ತೈದು ದಾಟಿದ್ದರು. ತಮ್ಮದೇ ತೋಟ, ತಮ್ಮದೇ ಓದುಗರು, ತಮ್ಮದೇ ರೀತಿಯ ಕನ್ನಡ ಎಲ್ಲ ಆಗಿತ್ತು. ಅಪ್ಪನಿಂದ ಪಡೆಯಬೇಕಾದ್ದು ಏನೂ ಉಳಿದಿರಲಿಲ್ಲ, ತೀರಿಸಿಕೊಳ್ಳಬೇಕಾದ ಹಗೆಯೂ ಇರಲಿಲ್ಲ. ಅದಕ್ಕೇ ಆ ಬರವಣಿಗೆಗೆ ಅಷ್ಟು ಸಲೀಸು. ಮೈಸೂರಿನಲ್ಲೇ ಉಳಿದು ಮೇಷ್ಟರಾಗಿದ್ದರೆ ಹೀಗೆ ಬರೆಯಲು ಆಗುತ್ತಿತ್ತೇ ಎಂದು ನನಗೆ ಅನುಮಾನ.

ಈ ಮನೆಯಲ್ಲಿ ಒಬ್ಬರ ಬಗ್ಗೆ ಇನ್ನೊಬ್ಬರು ಬರೆಯುವ ಕೆಲಸ ಅಲ್ಲಿಗೇ ನಿಲ್ಲಲಿಲ್ಲ. ತೇಜಸ್ವಿಯವರ ತಂಗಿ ತಾರಿಣಿಯವರು ‘ಮಗಳು ಕಂಡ ಕುವೆಂಪು’ ಬರೆದರು. ಅದೇ ಅಪ್ಪ, ಅದೇ ಮನೆ. ಆದರೆ ಮಗಳ ಕಣ್ಣಿಗೆ ಕಂಡದ್ದು ಬೇರೆ. ಎರಡನ್ನೂ ಒಟ್ಟಿಗೆ ಓದಿದರೆ ಒಂದೇ ಮರವನ್ನು ಎರಡು ಕಡೆಯಿಂದ ನೋಡಿದ ಹಾಗೆ.

2007ರ ಏಪ್ರಿಲ್ 5ರಂದು ತೇಜಸ್ವಿ ಮೂಡಿಗೆರೆಯ ತಮ್ಮ ಮನೆಯಲ್ಲೇ ತೀರಿಕೊಂಡರು. ಅವರ ಕೊನೆಯ ಕಾದಂಬರಿಯ ಹೆಸರು ‘ಮಾಯಾಲೋಕ-1’. ಎರಡನೆಯ ಭಾಗ ಬರಲಿಲ್ಲ. ಕುಪ್ಪಳಿಯಲ್ಲಿ ಅವರ ಸ್ಮಾರಕವಿದೆ. ಚಾರ್ಮಾಡಿ ಘಾಟಿಗೆ ಇಳಿಯುವ ಮುನ್ನ ನೀರುದೋಸೆಗೆಂದು ಎಲ್ಲರೂ ಗಾಡಿ ನಿಲ್ಲಿಸುವ ಕೊಟ್ಟಿಗೆಹಾರದಲ್ಲಿ ಅವರ ಹೆಸರಿನ ಪ್ರತಿಷ್ಠಾನವಿದೆ. ಮುಂದಿನ ಸಲ ಧರ್ಮಸ್ಥಳಕ್ಕೆ ಹೋಗುವಾಗ ದೋಸೆ ತಿಂದ ಮೇಲೆ ಅಲ್ಲಿಗೂ ಒಂದು ಹೆಜ್ಜೆ ಹೋಗಿ ಬನ್ನಿ.

ಅವರು ಹೋದ ಮೇಲೆ ರಾಜೇಶ್ವರಿಯವರು ಲೇಖನಿ ಹಿಡಿದರು. ‘ನನ್ನ ತೇಜಸ್ವಿ’ ಎಂಬ ಪುಸ್ತಕ ಬಂತು. ಮೈಸೂರಿನ ದಿನಗಳು, ಪತ್ರಗಳು, ಚಿತ್ರಕೂಟ, ಮಳೆ, ತೋಟ, ಇಬ್ಬರು ಹೆಣ್ಣುಮಕ್ಕಳು, ಒಬ್ಬ ಮೊಂಡು ಮನುಷ್ಯನ ಜೊತೆ ಸಂಸಾರ ಎಲ್ಲ ಅದರಲ್ಲಿದೆ. ಅಪ್ಪನನ್ನು ಮನೆಯೊಳಗಿನಿಂದ ಬರೆದವರನ್ನು ಹೆಂಡತಿ ಮನೆಯೊಳಗಿನಿಂದ ಬರೆದರು. ತೇಜಸ್ವಿ ತಮ್ಮ ಬಗ್ಗೆ ಹೇಳದೆ ಬಿಟ್ಟದ್ದು ಎಷ್ಟೋ ಅಲ್ಲಿ ಸಿಗುತ್ತದೆ. ರಾಜೇಶ್ವರಿಯವರೂ 2021ರ ಡಿಸೆಂಬರಿನಲ್ಲಿ ತೀರಿಕೊಂಡರು.

ಯಾವುದರಿಂದ ಶುರುಮಾಡಬೇಕು ಎಂದು ಕೇಳುವ ಮಕ್ಕಳಿಗೆ: ಐದು ಆರನೇ ತರಗತಿಯವರು ‘ಪರಿಸರದ ಕಥೆ’ ಹಿಡಿಯಿರಿ, ಕಿವಿ ನಾಯಿ ಅಲ್ಲೂ ಸಿಗುತ್ತದೆ. ಹೈಸ್ಕೂಲಿನವರು ‘ಕರ್ವಾಲೋ’. ‘ಅಣ್ಣನ ನೆನಪು’ ಮಾತ್ರ ಒಬ್ಬೊಬ್ಬರೇ ಓದುವ ಪುಸ್ತಕ ಅಲ್ಲ. ಮಳೆ ಹಿಡಿದ ಒಂದು ಸಂಜೆ, ಕರೆಂಟು ಹೋದಾಗ, ಅಜ್ಜನಿಗೋ ಅಜ್ಜಿಗೋ ಕನ್ನಡಕ ಹಾಕಿಸಿ ಗಟ್ಟಿಯಾಗಿ ಓದಿಸಿ. ಎರಡು ಪುಟ ಆಗುವಷ್ಟರಲ್ಲಿ ಅವರು ಪುಸ್ತಕ ಮಡಚಿ, ‘ನಮ್ಮ ಅಪ್ಪಯ್ಯನೂ ಹೀಗೇ ಇದ್ದರು ನೋಡು’ ಎಂದು ಶುರುಮಾಡುತ್ತಾರೆ. ಆಗ ಬಾಯಿ ಹಾಕಬೇಡಿ. ಪಕ್ಕದಲ್ಲಿ ಒಂದು ನೋಟುಬುಕ್ಕು, ಪೆನ್ಸಿಲ್ ಇಟ್ಟುಕೊಂಡಿರಿ.